ದಮ್ಮು ಹಿಡಿದು ನೀರೊಳಗೆ ಚಿತ್ರೀಕರಿಸಬಹುದೇ?

ಪ್ರಶ್ನೆ: ನಾನು ಗಂಗಾವತಿ ತಾಲ್ಲೂಕಿನವನು, ವಯಸ್ಸು 24. ನಮ್ಮ ಹೊಲದ ಬಾವಿಯಲ್ಲಿಯೇ ಈಜು ಕಲಿತೆ. ಕುಳಿತಲ್ಲಿ ಎರಡು ನಿಮಿಷ ದಮ್ಮು ಹಿಡಿಯಬಲ್ಲೆ. ಸಿಲಿಂಡರ್ ಇಲ್ಲದೆ ಸಮುದ್ರದಲ್ಲಿ ಮುಳುಗಿ ಚಿತ್ರೀಕರಿಸುವವರ ವಿಡಿಯೊಗಳನ್ನು ನೋಡಿ ಒಂದು ಆ್ಯಕ್ಷನ್ ಕ್ಯಾಮೆರಾ ಕೊಂಡೆ. ಬಾವಿಯಲ್ಲಿಯೂ ಸಾಣಾಪುರ ಕೆರೆಯಲ್ಲಿಯೂ ಪ್ರಯತ್ನಿಸಿದೆ. ಎಲ್ಲವೂ ಹಸಿರು ಗಂಜಿಯಂತೆ ಕಾಣುತ್ತದೆ. ಹತ್ತು ಅಡಿ ದಾಟಿದರೆ ಕಿವಿ ನೋಯುತ್ತದೆ. ಮುಳುಗುವ ಮುನ್ನ ಇಪ್ಪತ್ತು ಮೂವತ್ತು ಸಲ ಜೋರಾಗಿ ಉಸಿರಾಡಿದರೆ ಹೆಚ್ಚು ಹೊತ್ತು ಇರಬಹುದೆಂದು ಗೆಳೆಯರು ಹೇಳಿದರು. ಹಾಗೆ ಮಾಡಿದಾಗ ನಿಜವಾಗಿಯೂ ಹೆಚ್ಚು ಹೊತ್ತು ಇರುತ್ತೇನೆ. ತಮ್ಮನಿಗೂ ಈಜು ಬರುತ್ತದೆ, ಆದರೆ ಅವನಿಗೆ ಬಿಡುವಿಲ್ಲದ ಕಾರಣ ಬೆಳಿಗ್ಗೆ ಒಬ್ಬನೇ ಹೋಗುತ್ತೇನೆ. ಇದನ್ನು ಸರಿಯಾಗಿ ಕಲಿತು ತುಂಗಭದ್ರೆಯ ನೀರುನಾಯಿಗಳನ್ನು ನೀರೊಳಗಿನಿಂದ ಚಿತ್ರೀಕರಿಸಬಹುದೇ? ಇನ್ನೂ ದೊಡ್ಡ ಕ್ಯಾಮೆರಾ ಬೇಕೇ?

ಉತ್ತರ: ಕ್ಯಾಮೆರಾದ ಮಾತಿಗೆ ಆಮೇಲೆ ಬರುತ್ತೇನೆ. ನಿಮ್ಮ ಪತ್ರದಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ ವಾಕ್ಯಗಳು ಎರಡು: ಮುಳುಗುವ ಮುನ್ನ ಜೋರಾಗಿ ಉಸಿರಾಡುತ್ತೀರಿ, ಮತ್ತು ಒಬ್ಬರೇ ಹೋಗುತ್ತೀರಿ. ಇವುಗಳಲ್ಲಿ ಒಂದೊಂದೂ ಅಪಾಯಕಾರಿಯೇ. ಎರಡೂ ಒಂದೇ ಬೆಳಗಿನಲ್ಲಿ ಕೂಡಿದರೆ, ಚೆನ್ನಾಗಿ ಈಜು ಬಲ್ಲವರೇ, ಕೈಕಾಲು ಬಡಿಯದೆ, ಕೂಗದೆ, ನೀರಿನಲ್ಲಿಯೇ ಉಳಿದುಬಿಡುತ್ತಾರೆ. ಆದ್ದರಿಂದ ಮುಂದೆ ಓದುವ ಮೊದಲೇ ಇವೆರಡನ್ನೂ ನಿಲ್ಲಿಸಬೇಕೆಂದು ಕೇಳಿಕೊಳ್ಳುತ್ತೇನೆ. ಏಕೆಂಬುದನ್ನು ತುಸು ವಿಸ್ತಾರವಾಗಿಯೇ ಹೇಳುತ್ತೇನೆ.

ಆಮ್ಲಜನಕ ಕಡಿಮೆಯಾದಾಗ ಉಸಿರು ಕಟ್ಟಿದಂತಾಗುತ್ತದೆ ಎಂದು ಬಹುಪಾಲು ಜನ ತಿಳಿದಿರುತ್ತಾರೆ. ಹಾಗಲ್ಲ. ರಕ್ತದಲ್ಲಿ ಇಂಗಾಲದ ಡೈಆಕ್ಸೈಡ್ ಏರಿದಾಗ ಉಸಿರಾಡೆಂದು ಮೆದುಳು ಒತ್ತಾಯಿಸತೊಡಗುತ್ತದೆ. ಎದೆಯೊಳಗಿನ ತಳಮಳ, ಗಂಟಲು ನುಂಗಬೇಕೆನ್ನಿಸುವುದು, ಆಮೇಲೆ ಹೊಟ್ಟೆಯ ಮೇಲ್ಭಾಗದಲ್ಲಿ ವಪೆ, ಅಂದರೆ ಎದೆ ಹೊಟ್ಟೆಗಳ ನಡುವಿನ ಉಸಿರಾಟದ ಸ್ನಾಯು, ತಾನಾಗಿಯೇ ಜಗ್ಗತೊಡಗುವುದು, ಇವೆಲ್ಲವೂ ಆ ಒತ್ತಾಯದ ರೂಪಗಳೇ. ನೆಮ್ಮದಿಯಾಗಿ ಕುಳಿತ ಆರೋಗ್ಯವಂತರ ರಕ್ತದಲ್ಲಿ ಆಮ್ಲಜನಕ ಆಗಲೇ ಶೇ 95ಕ್ಕಿಂತ ಹೆಚ್ಚು ತುಂಬಿಕೊಂಡಿರುತ್ತದೆ. ಮೂವತ್ತು ಸಲ ಏದುಸಿರು ಬಿಟ್ಟರೂ ಅದಕ್ಕೆ ಸೇರುವುದು ಅತ್ಯಲ್ಪ. ಹೊರಟುಹೋಗುವುದು ಮಾತ್ರ ಇಂಗಾಲದ ಡೈಆಕ್ಸೈಡ್. ಹೀಗಾಗಿ ನಿಮ್ಮ ದಮ್ಮು ಹೆಚ್ಚಿದೆಯೆಂದು ನಿಮಗೆ ಅನ್ನಿಸಿದಾಗ ಹೆಚ್ಚಿರುವುದು ದಮ್ಮಲ್ಲ, ಎಚ್ಚರಿಕೆಯ ಗಂಟೆ ತಡವಾಗಿದೆ, ಅಷ್ಟೆ. ಆಮ್ಲಜನಕ ಎಂದಿನ ವೇಗದಲ್ಲಿಯೇ ಖರ್ಚಾಗುತ್ತಿರುತ್ತದೆ, ಗಂಟೆ ಬಾರಿಸುವ ಮೊದಲೇ ಪ್ರಜ್ಞೆ ತಪ್ಪಿಬಿಡಬಹುದು. ಯೋಗಾಭ್ಯಾಸವಿರುವ ಕೆಲವರು ಭಸ್ತ್ರಿಕಾ, ಕಪಾಲಭಾತಿಗಳನ್ನು ಮಾಡಿ ಕೂಡಲೇ ನೀರಿಗೆ ಧುಮುಕುವುದನ್ನು ಕಂಡಿದ್ದೇನೆ. ಚಾಪೆಯ ಮೇಲೆ ಅವುಗಳಿಗೆ ತಮ್ಮದೇ ಆದ ಜಾಗವಿದೆ. ನೀರಿಗಿಳಿಯುವ ಮುನ್ನ ಅವೂ ನಿಮ್ಮ ಗೆಳೆಯರು ಹೇಳಿಕೊಟ್ಟ ಆ ಮೂವತ್ತು ಉಸಿರುಗಳೇ.

ಇದಕ್ಕೆ ಆಳದ ಲೆಕ್ಕವೂ ಸೇರಿಕೊಳ್ಳುತ್ತದೆ. ಹತ್ತು ಮೀಟರ್ ಕೆಳಗೆ, ಅಂದರೆ ಸುಮಾರು 33 ಅಡಿಯಲ್ಲಿ, ಒತ್ತಡ ದಡದ ಮೇಲಿನದರ ಎರಡರಷ್ಟಾಗುತ್ತದೆ. ಶ್ವಾಸಕೋಶದ ಗಾಳಿ ಅರ್ಧಕ್ಕೆ ಕುಗ್ಗುತ್ತದೆ. ಆ ಒತ್ತಡದಲ್ಲಿ ಗಾಳಿಯಲ್ಲಿನ ಆಮ್ಲಜನಕದ ಪಾಲು ಶೇ 6ಕ್ಕೆ ಇಳಿದಿದ್ದರೂ ಅದು ಶೇ 12ರಷ್ಟು ಕೆಲಸ ಮಾಡುತ್ತದೆ, ಮುಳುಗಿದವರಿಗೆ ಏನೂ ತೊಂದರೆ ಕಾಣಿಸುವುದಿಲ್ಲ. ಮೇಲೇರುತ್ತಿದ್ದಂತೆ ಒತ್ತಡ ಇಳಿಯುತ್ತದೆ, ಶ್ವಾಸಕೋಶ ಹಿಗ್ಗುತ್ತದೆ, ಆ ಶೇ 6 ನಿಜವಾಗಿಯೂ ಶೇ 6 ಆಗಿಬಿಡುತ್ತದೆ. ಪ್ರಜ್ಞೆ ತಪ್ಪುವ ಘಟನೆಗಳು ಹೆಚ್ಚಾಗಿ ಕೊನೆಯ ಹತ್ತು ಮೀಟರಿನಲ್ಲಿ, ಎಷ್ಟೋ ಸಲ ತಲೆ ನೀರಿನಿಂದ ಹೊರಬಂದ ಮೇಲೆ, ನಡೆಯುವುದಕ್ಕೆ ಇದೇ ಕಾರಣ. ಬಾವಿಯಲ್ಲಿ ಅಷ್ಟು ಆಳವಿಲ್ಲವಲ್ಲ ಎನ್ನಬೇಡಿ. ಜೋರು ಉಸಿರಾಟ ಮಾಡಿ ಮುಳುಗಿದವರು ಎದೆಮಟ್ಟದ ಈಜುಕೊಳದಲ್ಲಿಯೂ ಪ್ರಜ್ಞೆ ತಪ್ಪಿದ್ದಾರೆ.

ನಾನೇ ಕಂಡದ್ದೊಂದನ್ನು ಹೇಳುತ್ತೇನೆ. ಹಲವು ವರ್ಷಗಳ ಹಿಂದೆ ಕೊಪ್ಪಳದ ಹತ್ತಿರದ ಒಂದು ಮೆಟ್ಟಿಲು ಬಾವಿಯಲ್ಲಿ ನಾವಿಬ್ಬರು ಚಿತ್ರೀಕರಿಸುತ್ತಿದ್ದೆವು. ಗೆಳೆಯ ಮೇಲೆ ಬಂದ, ಒಂದು ಉಸಿರು ಎಳೆದುಕೊಂಡ, ನನ್ನತ್ತ ನೋಡಿ ಹೆಬ್ಬೆರಳೆತ್ತಿದ. ಎಲ್ಲ ಸರಿಯಾಗಿದೆ ಎಂದುಕೊಂಡು ನಾನು ಹಗ್ಗದ ಕಡೆ ತಿರುಗುವವನಿದ್ದೆ. ಅಷ್ಟರಲ್ಲಿ ಅವನ ತುಟಿಯ ಬಣ್ಣ ನೇರಳೆಗೆ ತಿರುಗಿದ್ದು ಕಾಣಿಸಿತು. ಕಣ್ಣು ತೆರೆದೇ ಇತ್ತು, ಗದ್ದ ಮಾತ್ರ ಮೆಲ್ಲಗೆ ನೀರಿಗೆ ಇಳಿಯಿತು. ಕೈಗೆಟುಕುವಷ್ಟು ಹತ್ತಿರವಿದ್ದುದರಿಂದ ಗದ್ದವನ್ನು ಎತ್ತಿ ಹಿಡಿದು, ಮಾಸ್ಕ್ ಕಿತ್ತು, ಕೆನ್ನೆಯ ಮೇಲೆ ಗಾಳಿ ಊದಿ, ತಟ್ಟಿ, ಹೆಸರು ಹಿಡಿದು ಕೂಗಿದೆ. ಐದಾರು ಸೆಕೆಂಡಿನಲ್ಲಿ ಉಸಿರೆಳೆದ. "ಯಾಕ ಹಿಡ್ಕೊಂಡಿ ನನ್ನ?" ಎಂಬುದೇ ಅವನ ಮೊದಲ ಮಾತು. ಏನಾಯಿತೆಂಬುದು ಅವನಿಗೆ ಇಂದಿಗೂ ನೆನಪಿಲ್ಲ. ಆ ದಿನದ ವಿಡಿಯೊವನ್ನು ನಾನು ಹಲವು ಸಲ ನೋಡಿದ್ದೇನೆ: ಒಂದು ಮೀನು ಕಲ್ಲಿನ ಸಂದಿಯಿಂದ ಹೊರಬರಲೆಂದು ಅವನು ಕಾಯುತ್ತಿದ್ದಾನೆ, ಮೀನು ಅರ್ಧ ಬರುತ್ತದೆ, ಒಳಗೆ ಹೋಗುತ್ತದೆ, ಮತ್ತೆ ಅರ್ಧ ಬರುತ್ತದೆ. ಕೈ ಒಂದಿಷ್ಟೂ ನಡುಗಿಲ್ಲ.

ಆ ದೃಶ್ಯದಿಂದಲೇ ನನಗೆ ಕ್ಯಾಮೆರಾದ ಅಪಾಯ ಅರ್ಥವಾಯಿತು. ಕ್ಯಾಮೆರಾ ಹಿಡಿದವರ ಗಮನ ತಮ್ಮ ಮೈಯಿಂದ ಹೊರಗೆ ಹೋಗಿರುತ್ತದೆ. ವಪೆ ಜಗ್ಗಿದರೂ "ಇನ್ನೊಂದೇ ಕ್ಷಣ" ಎನ್ನಿಸುತ್ತದೆ. ಕುಳಿತಲ್ಲಿ ಎರಡು ನಿಮಿಷ ಹಿಡಿಯುವ ನಿಮ್ಮ ದಮ್ಮು, ಕಾಲು ಆಡಿಸುತ್ತ ಕ್ಯಾಮೆರಾ ಹಿಡಿದಾಗ ಒಂದು ನಿಮಿಷಕ್ಕೂ ಸಾಲದು; ನಾನು ಹೊಸಬರಿಗೆ ನೀರೊಳಗೆ ನಲವತ್ತು ಸೆಕೆಂಡಿಗಿಂತ ಹೆಚ್ಚು ಕೊಡುವುದಿಲ್ಲ. ಸ್ಟೆಫಾನ್ ಮಿಫ್ಸುದ್ ಎಂಬ ಫ್ರೆಂಚ್ ಕ್ರೀಡಾಪಟು 2009ರಲ್ಲಿ 11 ನಿಮಿಷ 35 ಸೆಕೆಂಡ್ ಉಸಿರು ಹಿಡಿದದ್ದು ನೀರಿನ ಮೇಲೆ ಬೋರಲಾಗಿ, ಅಲುಗಾಡದೆ ಮಲಗಿ. ಅಂಥ ಅಂಕಿಗಳನ್ನು ಚಿತ್ರೀಕರಣಕ್ಕೆ ಹೋಲಿಸಬಾರದು. ಇನ್ನು, ಅನುಭವ ಇದ್ದರೆ ಒಬ್ಬರೇ ಹೋಗಬಹುದಲ್ಲವೇ ಎಂದು ಕೇಳುವವರಿಗೆ ನಾನು ನತಾಲಿಯಾ ಮೊಲ್ಚನೋವಾ ಅವರ ಹೆಸರು ಹೇಳುತ್ತೇನೆ. ಹತ್ತಾರು ವಿಶ್ವದಾಖಲೆಗಳ ಆ ರಷ್ಯನ್ ಮಹಿಳೆ 2009ರಲ್ಲಿ ಫಿನ್ ತೊಟ್ಟು 101 ಮೀಟರ್ ಮುಳುಗಿ ಬಂದವರು. 2015ರ ಆಗಸ್ಟ್‌ನಲ್ಲಿ ಸ್ಪೇನಿನ ಫೊರ್ಮೆಂಟೆರಾ ದ್ವೀಪದ ಬಳಿ, ಸ್ಪರ್ಧೆಯ ಹಗ್ಗವಾಗಲಿ ಕಾವಲುಗಾರರಾಗಲಿ ಇಲ್ಲದ ಸಾಧಾರಣ ಮುಳುಗಿನಲ್ಲಿ, ಕೆಳಗೆ ಹೋದವರು ಮೇಲೆ ಬರಲಿಲ್ಲ.

ಆದ್ದರಿಂದ ಕ್ರಮ ಹೀಗಿರಲಿ. ಒಬ್ಬರು ಕೆಳಗಿರುವಾಗ ಇನ್ನೊಬ್ಬರು ಮೇಲೆ, ನೀರಿನಲ್ಲಿಯೇ, ಮಾಸ್ಕ್ ಹಾಕಿಕೊಂಡು ಕೆಳಗೆ ನೋಡುತ್ತಿರಬೇಕು. ದಂಡೆಯ ಮೇಲೆ ಕುಳಿತು ಮೊಬೈಲ್ ನೋಡುವ ಜೊತೆಗಾರ ಇದ್ದೂ ಇಲ್ಲದಂತೆ. ಮೇಲೆ ಬಂದವರು ಮೊದಲ ಉಸಿರನ್ನು ಪೂರ್ತಿ ಹೊರಹಾಕದೆ, ಸ್ವಲ್ಪ ಬಿಟ್ಟು, ಚುರುಕಾಗಿ ಒಳಗೆಳೆದುಕೊಂಡು, ಒಂದು ಕ್ಷಣ ತಡೆದು, ಹಾಗೆಯೇ ನಾಲ್ಕೈದು ಸಲ ಮಾಡಬೇಕು. ಜೊತೆಗಾರರು ಮೂವತ್ತು ಸೆಕೆಂಡ್ ಅವರ ಮುಖದಿಂದ ಕಣ್ಣು ತೆಗೆಯಬಾರದು. ಕೆಳಗಿದ್ದ ಹೊತ್ತಿನ ಎರಡರಷ್ಟಾದರೂ ವಿಶ್ರಾಂತಿ ಪಡೆಯದೆ ಮತ್ತೆ ಮುಳುಗಬಾರದು. ಟ್ರ್ಯಾಕ್ಟರ್ ಟ್ಯೂಬೊಂದನ್ನು ನೀರಿನ ಮೇಲೆ ಬಿಟ್ಟು, ಅದರಿಂದ ಕಲ್ಲು ಕಟ್ಟಿದ ದಪ್ಪ ಹಗ್ಗವೊಂದನ್ನು ಇಳಿಬಿಟ್ಟರೆ ಇಳಿಯಲು ಏರಲು ದಾರಿಯಾಯಿತು, ಮೇಲೆ ಆತುಕೊಳ್ಳಲು ಆಸರೆಯೂ ಆಯಿತು. ದಮ್ಮು ಬೆಳೆಸುವ ಅಭ್ಯಾಸವನ್ನು ಮನೆಯಲ್ಲಿ ಹಾಸಿಗೆಯ ಮೇಲೆ ಮಲಗಿ ಮಾಡಿ, ನೀರಿನಲ್ಲಿ ಒಬ್ಬರೇ ಎಂದೂ ಬೇಡ. ಆಸ್ತಮಾ, ಮೂರ್ಛೆರೋಗ, ಹೃದಯದ ತೊಂದರೆ ಇದ್ದರೆ ವೈದ್ಯರನ್ನು ಕೇಳದೆ ಯಾವುದನ್ನೂ ಆರಂಭಿಸಬೇಡಿ.

ಕಿವಿಯ ನೋವು ಸಹಜ, ಆದರೆ ಅದನ್ನು ತಡೆದುಕೊಳ್ಳುವುದು ತಪ್ಪು. ಕಿವಿಯ ತಮಟೆಯನ್ನು ನೀರು ಹೊರಗಿನಿಂದ ಒಳಕ್ಕೆ ಒತ್ತುತ್ತದೆ. ಮೂಗು ಮತ್ತು ಕಿವಿಯ ನಡುವಿನ ನಳಿಕೆಯ ಮೂಲಕ ಒಳಗಿನಿಂದಲೂ ಗಾಳಿ ಕಳಿಸಿ ಸರಿದೂಗಿಸಬೇಕು. ಮೂಗು ಹಿಡಿದು ಮೆಲ್ಲಗೆ ಊದುವುದು ಎಲ್ಲರಿಗೂ ತಿಳಿದ ದಾರಿ. ತಲೆಕೆಳಗಾಗಿ ಇಳಿಯುವಾಗ ಅದು ಅಷ್ಟಾಗಿ ನಡೆಯುವುದಿಲ್ಲ. ಎದೆಯಿಂದ ಊದದೆ, ಗಂಟಲು ಮುಚ್ಚಿಕೊಂಡು ನಾಲಿಗೆಯ ಹಿಂಭಾಗದಿಂದ ಬಾಯೊಳಗಿನ ಗಾಳಿಯನ್ನು ಮೂಗಿನತ್ತ ತಳ್ಳುವುದನ್ನು ಕಲಿಯಬೇಕು. ಇದಕ್ಕೆ ಫ್ರೆಂಜೆಲ್ ವಿಧಾನ ಎನ್ನುತ್ತಾರೆ. ಕನ್ನಡಿಯ ಮುಂದೆ ಮೂಗು ಹಿಡಿದು ಎರಡು ಮೂರು ವಾರ ಅಭ್ಯಾಸ ಮಾಡಿದರೆ ಹಿಡಿತ ಸಿಗುತ್ತದೆ. ನೋವು ಬಂದ ಮೇಲೆ ಅಲ್ಲ, ಇಳಿಯಲು ಆರಂಭಿಸಿದ ಕೂಡಲೇ, ಪ್ರತಿ ಮೀಟರಿಗೂ ಮಾಡಬೇಕು. ಆಗದಿದ್ದರೆ ತಿರುಗಿ ಮೇಲೆ ಬರಬೇಕು. ನೆಗಡಿ ಇದ್ದ ದಿನ ಮುಳುಗಬಾರದು. ಇನ್ನೊಂದು ಸಂಗತಿ: ನೀವು ಬಳಸುತ್ತಿರುವುದು ಈಜುಕೊಳದ ಕನ್ನಡಕವಾದರೆ ಅದನ್ನು ಬದಲಿಸಿ. ಅದು ಮೂಗನ್ನು ಒಳಗೊಂಡಿರುವುದಿಲ್ಲ, ಹಾಗಾಗಿ ಅದರೊಳಗೆ ಗಾಳಿ ತುಂಬಿಸಲು ದಾರಿಯಿಲ್ಲ. ಆಳಕ್ಕೆ ಹೋದಂತೆ ಅದು ಕಣ್ಣಿಗೆ ಬಟ್ಟಲಿನಂತೆ ಕಚ್ಚಿ ರಕ್ತ ಹೆಪ್ಪುಗಟ್ಟಿಸುತ್ತದೆ. ಮೂಗು ಮುಚ್ಚುವ ಮಾಸ್ಕ್ ಬೇಕು.

ನಿಮ್ಮ ಬಾವಿಯ ಬಗ್ಗೆ ಒಂದು ಮಾತು. ಹೊಲದ ಬಾವಿಯಲ್ಲಿ ನಾನು ಆಳಕ್ಕಿಂತ ಹೆಚ್ಚು ಹೆದರುವುದು ಮೋಟಾರಿಗೆ. ಕರೆಂಟ್ ಬಂದೊಡನೆ ಆಟೊ ಸ್ಟಾರ್ಟರ್ ತಾನಾಗಿಯೇ ಮೋಟಾರ್ ಹಚ್ಚುತ್ತದೆ. ಕೇಬಲ್ಲಿನ ಟೇಪು ಬಿಟ್ಟಿದ್ದರೆ ನೀರಿಗೇ ಕರೆಂಟ್ ಹರಿಯುತ್ತದೆ, ಫುಟ್‌ವಾಲ್ವಿನ ಹತ್ತಿರ ಕೈ, ಬಟ್ಟೆ, ಹಗ್ಗ ಎಳೆದುಕೊಳ್ಳುವ ಭಯವೂ ಇದೆ. ಸ್ವಿಚ್ ಆರಿಸಿದರೆ ಸಾಲದು, ಫ್ಯೂಜ್ ಕಿತ್ತು ಜೇಬಿನಲ್ಲಿಟ್ಟುಕೊಂಡು, ಮನೆಯವರಿಗೆ ಹೇಳಿ ಇಳಿಯಿರಿ. ಆರಂಭದ ಅಭ್ಯಾಸಕ್ಕೆ ಜೀವರಕ್ಷಕರಿರುವ ಈಜುಕೊಳವೇ ಎಲ್ಲಕ್ಕಿಂತ ಒಳ್ಳೆಯದು. ತುಂಗಭದ್ರಾ ಎಡದಂಡೆ ಕಾಲುವೆಯಲ್ಲಂತೂ ಬೇಡವೇ ಬೇಡ: ಇಳಿಜಾರಿನ ನುಣುಪು ಗೋಡೆ ಹತ್ತಲು ಬಿಡುವುದಿಲ್ಲ, ಸೆಳೆತ ನಿಲ್ಲುವುದಿಲ್ಲ.

ನೀರುನಾಯಿಗಳ ವಿಷಯದಲ್ಲಿ ನಿಮ್ಮ ಆಸೆ ನನಗೆ ಚೆನ್ನಾಗಿ ಅರ್ಥವಾಗುತ್ತದೆ, ಆದರೆ ನನ್ನ ಉತ್ತರ "ಬೇಡ" ಎಂಬುದೇ. ಮುದ್ಲಾಪುರದಿಂದ ಕಂಪ್ಲಿಯವರೆಗಿನ ಸುಮಾರು 34 ಕಿಲೋಮೀಟರ್ ಹೊಳೆಯನ್ನು 2015ರಲ್ಲಿ ನೀರುನಾಯಿ ಸಂರಕ್ಷಿತ ಪ್ರದೇಶವೆಂದು ಘೋಷಿಸಲಾಗಿದೆ; ಅಲ್ಲಿ ಚಿತ್ರೀಕರಿಸಲು ಅರಣ್ಯ ಇಲಾಖೆಯ ಅನುಮತಿ ಬೇಕು. ಕಾನೂನು ಬದಿಗಿರಲಿ, ಅದೇ ನೀರಿನಲ್ಲಿ ಮೊಸಳೆಗಳಿವೆ, ಮತ್ತು ಬಗ್ಗಡದ ನೀರಿನಲ್ಲಿ ಅವು ನಿಮ್ಮನ್ನು ಕಾಣುವ ಮೊದಲು ನೀವು ಅವುಗಳನ್ನು ಕಾಣಲಾರಿರಿ. ಜಲಾಶಯದಿಂದ ನೀರು ಬಿಟ್ಟರೆ ಬಂಡೆಗಳ ನಡುವಿನ ಸೆಳೆತ ಹಠಾತ್ತನೆ ಬದಲಾಗುತ್ತದೆ. ಮರಿಗಳಿರುವ ನೀರುನಾಯಿ ಗುಂಪು ಮನುಷ್ಯ ನೀರಿಗಿಳಿದುದನ್ನು ಕಂಡರೆ ಗೂಡನ್ನೇ ತೊರೆದು ಹೋಗಬಹುದು. ದಂಡೆಯ ಬಂಡೆಯ ಮೇಲೆ ದೂರದ ಲೆನ್ಸ್ ಇಟ್ಟುಕೊಂಡು ಬೆಳಗಿನ ಜಾವ ಕಾಯುವವರೇ ಅವುಗಳ ಒಳ್ಳೆಯ ಚಿತ್ರಗಳನ್ನು ತೆಗೆದಿದ್ದಾರೆ.

ಈಗ ಹಸಿರು ಗಂಜಿಯ ವಿಷಯ. ನೀರು ಬೆಳಕಿನ ಬಣ್ಣಗಳನ್ನು ಒಂದೇ ಸಮನೆ ನುಂಗುವುದಿಲ್ಲ. ಮೊದಲು ಹೋಗುವುದು ಕೆಂಪು. ತಿಳಿಯಾದ ಸಮುದ್ರದಲ್ಲಿಯೂ ಐದು ಮೀಟರಿನಷ್ಟರಲ್ಲಿ ಕೆಂಪು ಬಹುಪಾಲು ಮಾಯವಾಗಿ ಎಲ್ಲವೂ ನೀಲಿಯಾಗುತ್ತದೆ. ನಮ್ಮ ಕೆರೆ ಬಾವಿಗಳಲ್ಲಿ ಪಾಚಿ ಇರುವುದರಿಂದ ನೀಲಿಯೂ ಉಳಿಯದೆ ಹಸಿರೊಂದೇ ಉಳಿಯುತ್ತದೆ. ಅಂಗಡಿಯಲ್ಲಿ ಸಿಗುವ ಕೆಂಪು ಫಿಲ್ಟರ್ ನೀಲಿ ನೀರಿಗಾಗಿ ಮಾಡಿದ್ದು. ಹಸಿರು ನೀರಿಗೆ ಬೇಕಾದದ್ದು ಮೆಜೆಂಟಾ ಫಿಲ್ಟರ್. ಎರಡೂ ಇಲ್ಲದಿದ್ದರೆ, ಬಿಳಿ ಪ್ಲಾಸ್ಟಿಕ್ ತುಂಡೊಂದನ್ನು ಒಯ್ದು, ಚಿತ್ರೀಕರಿಸುವ ಆಳದಲ್ಲಿಯೇ ಅದನ್ನು ಮೊದಲು ಕ್ಯಾಮೆರಾಕ್ಕೆ ತೋರಿಸಿ, ಅದು ಬಿಳಿಯಾಗಿ ಕಾಣುವಂತೆ ಆಮೇಲೆ ಕಂಪ್ಯೂಟರಿನಲ್ಲಿ ಬಣ್ಣ ಸರಿಪಡಿಸಿಕೊಳ್ಳಬಹುದು.

ಮಂಜು ಮಂಜಾಗುವುದಕ್ಕೆ ಕಾರಣ ಬಣ್ಣವಲ್ಲ, ನಿಮಗೂ ಮೀನಿಗೂ ನಡುವೆ ಇರುವ ನೀರು. ಅದನ್ನು ಕಡಿಮೆ ಮಾಡುವುದೊಂದೇ ದಾರಿ. ನಮ್ಮ ನೀರಿನಲ್ಲಿ ಒಂದು ಮೊಳಕ್ಕಿಂತ ದೂರದಿಂದ ತೆಗೆದದ್ದನ್ನು ನಾನು ಸಾಮಾನ್ಯವಾಗಿ ಅಳಿಸಿಬಿಡುತ್ತೇನೆ. ಚಪ್ಪಟೆ ಗಾಜಿನ ಹಿಂದಿನಿಂದ ನೋಡಿದರೆ ನೀರೊಳಗಿನ ವಸ್ತು ಮೂರನೇ ಒಂದು ಪಾಲು ದೊಡ್ಡದಾಗಿ, ಇನ್ನೂ ಹತ್ತಿರದಲ್ಲಿರುವಂತೆ ಕಾಣುತ್ತದೆ; ಹಾಗಾಗಿ ಸಾಕಷ್ಟು ಹತ್ತಿರ ಬಂದೆ ಎನ್ನಿಸಿದಾಗ ನೀವು ಇನ್ನೂ ದೂರದಲ್ಲಿಯೇ ಇರುತ್ತೀರಿ. ಲೈಟನ್ನು ಲೆನ್ಸಿನ ಪಕ್ಕದಲ್ಲಿಯೇ ಕಟ್ಟಬೇಡಿ. ರಾತ್ರಿ ಭತ್ತದ ರಾಶಿ ಮಾಡುವಾಗ ಟ್ರ್ಯಾಕ್ಟರಿನ ಹೆಡ್‌ಲೈಟಿಗೆ ಹೊಟ್ಟು, ಧೂಳು ಹೇಗೆ ಹೊಳೆಯುತ್ತವೆಯೋ ನೀರಿನ ಕಣಗಳೂ ಹಾಗೆಯೇ ಹೊಳೆದು ಚಿತ್ರವನ್ನೆಲ್ಲ ಮುಚ್ಚಿಬಿಡುತ್ತವೆ. ಲೈಟ್ ಒಂದು ತೋಳಿನಷ್ಟು ಬದಿಗಿರಬೇಕು. ಮುಂಗಾರಿನ ಕೆಂಪು ನೀರು ತಂಗುವವರೆಗೆ ಕ್ಯಾಮೆರಾ ಮನೆಯಲ್ಲಿಯೇ ಇರಲಿ. ದೀಪಾವಳಿಯ ನಂತರ, ಹತ್ತರಿಂದ ಎರಡು ಗಂಟೆಯೊಳಗೆ, ಬಿಸಿಲು ನೇರವಾಗಿ ಒಳಗಿಳಿಯುವ ಹೊತ್ತಿನಲ್ಲಿ, ಎರಡು ಮೂರು ಮೀಟರ್ ಆಳದಲ್ಲಿಯೇ ಚಿತ್ರೀಕರಿಸಿ. ತಳಕ್ಕೆ ಕಾಲು ತಾಗಿದರೆ ರಾಡಿ ಎದ್ದು ಅರ್ಧ ಗಂಟೆ ಏನೂ ಕಾಣದು.

ದೊಡ್ಡ ಕ್ಯಾಮೆರಾ ಬೇಡ. ಇರುವ ಕ್ಯಾಮೆರಾಕ್ಕೆ ಆಳದ ಕವಚ ಹಾಕಿ, ಅದರ ಅಂಚಿನ ರಬ್ಬರ್ ಉಂಗುರವನ್ನು ಪ್ರತಿ ಸಲ ಬೆರಳಿನಿಂದ ಸವರಿ ನೋಡಿ. ಒಂದೇ ಒಂದು ಕೂದಲೆಳೆ ಸಿಕ್ಕಿಕೊಂಡಿದ್ದರೂ ನೀರು ಒಳಗೆ ಬರುತ್ತದೆ. ಕ್ಯಾಮೆರಾ ಇಲ್ಲದೆ ಖಾಲಿ ಕವಚವನ್ನು ಮೊದಲು ಬಕೆಟ್ಟಿನಲ್ಲಿ ಮುಳುಗಿಸಿ ಪರೀಕ್ಷಿಸುವುದು ನನ್ನ ರೂಢಿ. ಸೊಂಟಕ್ಕೆ ತೂಕ ಕಟ್ಟುವುದಾದರೆ ಒಂದೇ ಎಳೆತಕ್ಕೆ ಬಿಚ್ಚಿಕೊಳ್ಳುವಂತಿರಲಿ, ಉಸಿರು ಬಿಟ್ಟ ಮೇಲೂ ನೀವು ತೇಲುತ್ತಲೇ ಇರಬೇಕು. ಸಿಹಿನೀರು ಸಮುದ್ರದಷ್ಟು ತೇಲಿಸುವುದಿಲ್ಲವಾದ್ದರಿಂದ ನಮ್ಮಲ್ಲಿ ತೂಕ ಅತಿ ಕಡಿಮೆ ಸಾಕು.

ಸಿಲಿಂಡರ್ ಇಲ್ಲದೆ ಚಿತ್ರೀಕರಿಸುವುದನ್ನು ಬಡವರ ಉಪಾಯ ಎಂದು ತಿಳಿಯಬೇಡಿ. ಫ್ರಾನ್ಸಿನ ಝಾಕ್ ಕೂಸ್ತೋ ತಮ್ಮ ಮೊದಲ ನೀರೊಳಗಿನ ಚಿತ್ರವನ್ನು ದಮ್ಮು ಹಿಡಿದೇ ತೆಗೆದರು, 1942ರಲ್ಲಿ. ಸಿಲಿಂಡರ್ ಹೊತ್ತು ಮುಳುಗುವ ಇಂದಿನ ಸ್ಕೂಬಾದ ಮೂಲರೂಪವನ್ನು ಅವರೂ ಎಮಿಲ್ ಗಾನ್ಯಾನ್ ಎಂಬ ಎಂಜಿನಿಯರೂ ಸೇರಿ ರೂಪಿಸಿದ್ದು ಅದರ ಮರುವರ್ಷ. ನಮ್ಮ ಕಾಲದಲ್ಲಿ ಬಹಾಮಾಸ್‌ನ 202 ಮೀಟರ್ ಆಳದ ಡೀನ್ಸ್ ಬ್ಲೂ ಹೋಲ್ ಎಂಬ ಕಡಲಗುಂಡಿಯಲ್ಲಿ ದಮ್ಮು ಹಿಡಿದು ಮುಳುಗುವ ಫ್ರೆಂಚ್ ಕ್ರೀಡಾಪಟು ಗಿಯೋಮ್ ನೇರಿ ಮುಳುಗಿದ್ದನ್ನು ಅದೇ ದೇಶದ ಝೂಲಿ ಗೋತಿಯೇ ತಾವೂ ಉಸಿರು ಹಿಡಿದೇ ಚಿತ್ರೀಕರಿಸಿದರು. ಸಿಲಿಂಡರಿನವರ ಗುಳ್ಳೆಗಳ ಸದ್ದಿಗೆ ಮೀನುಗಳು ಬೆದರುತ್ತವೆ; ದಮ್ಮು ಹಿಡಿದವರ ಹತ್ತಿರ ಅವು ತಾವಾಗಿಯೇ ಬರುತ್ತವೆ. ಅದನ್ನು ನೋಡಲು ಸಮುದ್ರಕ್ಕೇ ಹೋಗಬೇಕಾಗಿಲ್ಲ. ಕೆರೆಯಂಚಿನ ಆಳವಿಲ್ಲದ ಜಾಗದಲ್ಲಿ ಜಿಲೇಬಿ ಮೀನಿನ ಗಂಡು ಮಣ್ಣಿನಲ್ಲಿ ತಟ್ಟೆಯಗಲದ ಗುಂಡಿ ತೋಡುತ್ತದೆ. ಹೆಣ್ಣು ಮೊಟ್ಟೆಗಳನ್ನು ಬಾಯಲ್ಲಿಟ್ಟುಕೊಂಡು ಮರಿ ಮಾಡುತ್ತದೆ. ನಾನು ಎದೆಮಟ್ಟದ ನೀರಿನಲ್ಲಿ ಒಂದು ತಾಯಿಮೀನನ್ನು ಮೂರು ಮಧ್ಯಾಹ್ನ ನೋಡಿದ್ದೇನೆ. ಎಳ್ಳಿನಷ್ಟು ಕಣ್ಣಿನ ಮರಿಗಳು ಅದರ ಮುಖದ ಸುತ್ತ ಮೋಡದಂತೆ ತೇಲುತ್ತಿದ್ದವು. ನನ್ನ ನೆರಳು ಬಿದ್ದೊಡನೆ ತಾಯಿ ತುಸು ಹಿಂದೆ ಸರಿದು ತಲೆ ತಗ್ಗಿಸಿ ಬಾಯಿ ತೆರೆಯಿತು, ಇಡೀ ಮೋಡ ಅದರೊಳಗೆ ಸೇರಿಕೊಂಡಿತು. ನೀವು ಬಾವಿಯಲ್ಲಿ ಹುಡುಕುತ್ತಿರುವ ದೃಶ್ಯ ಅದಕ್ಕಿಂತ ಆಳದಲ್ಲಿ ಇಲ್ಲ.

ಮುಂದೆ ಸಮುದ್ರಕ್ಕೆ ಹೋಗುವ ಮನಸ್ಸಾದರೆ, ಅಂಡಮಾನಿನಲ್ಲಿ ಉಸಿರು ಹಿಡಿದು ಮುಳುಗುವುದನ್ನು ಕ್ರಮವಾಗಿ ಕಲಿಸುವ ತರಬೇತುದಾರರಿದ್ದಾರೆ. ಮೂರು ನಾಲ್ಕು ದಿನದ ಮೊದಲ ಪಾಠದಲ್ಲಿಯೇ ಜೊತೆಗಾರರನ್ನು ಎತ್ತಿ ತರುವುದನ್ನು ಕೈ ಹಿಡಿದು ಕಲಿಸುತ್ತಾರೆ. ಮುರ್ಡೇಶ್ವರದಿಂದ ದೋಣಿಯಲ್ಲಿ ಹೋಗುವ ನೇತ್ರಾಣಿ ದ್ವೀಪದಲ್ಲಿ ಹೆಚ್ಚಾಗಿ ನಡೆಯುವುದು ಸ್ಕೂಬಾ. ಅಲ್ಲಿನ ನಿಯಮ ಇದಕ್ಕೆ ತೀರ ವಿರುದ್ಧ ಎಂಬುದು ನೆನಪಿರಲಿ: ಸಿಲಿಂಡರಿನ ಗಾಳಿ ಸೇದುವವರು ಎಂದೂ ಉಸಿರು ಹಿಡಿಯಬಾರದು, ಹಿಡಿದು ಮೇಲೇರಿದರೆ ಶ್ವಾಸಕೋಶ ಹರಿಯುತ್ತದೆ.

ಇನ್ನು ನಿಮ್ಮ ತಮ್ಮನ ವಿಷಯ. ಅವರಿಗೆ ಈಜು ಬರುತ್ತದೆ ಎಂದಿದ್ದೀರಿ, ಅಷ್ಟು ಸಾಲದು. ಗದ್ದ ಎತ್ತಿ ಹಿಡಿಯುವುದು, ಮಾಸ್ಕ್ ಕಿತ್ತು ಕೆನ್ನೆಗೆ ಊದುವುದು, ಮೂರು ಮೀಟರ್ ಕೆಳಗಿನಿಂದ ನಿಮ್ಮನ್ನು ಮೇಲೆ ತರುವುದು, ಇವನ್ನು ಇಬ್ಬರೂ ಹತ್ತು ಸಲವಾದರೂ ನೀರಿನಲ್ಲಿ ಮಾಡಿ ನೋಡಿದ ಮೇಲೆಯೇ ಕ್ಯಾಮೆರಾವನ್ನು ಚೀಲದಿಂದ ತೆಗೆಯಿರಿ. ವಾರಕ್ಕೆ ಒಂದೇ ದಿನ ಅವರಿಗೆ ಬಿಡುವಿದ್ದರೆ ವಾರಕ್ಕೆ ಒಂದೇ ದಿನ ಮುಳುಗಿ. ಉಳಿದ ದಿನ ದಂಡೆಯ ಮೇಲೆ ಕುಳಿತು, ನೆರಳು ನೀರಿನ ಮೇಲೆ ಬೀಳದಂತೆ, ಜಿಲೇಬಿ ಮೀನಿನ ಗುಂಡಿಗಳೆಲ್ಲಿವೆ ಎಂದು ಗುರುತು ಹಾಕಿಕೊಳ್ಳಿ. ಈ ಉತ್ತರವನ್ನು, ಅದರಲ್ಲಿಯೂ ಆ ಮೆಟ್ಟಿಲು ಬಾವಿಯ ಭಾಗವನ್ನು, ಅವರಿಗೂ ಓದಲು ಕೊಡಿ.